ಆಟದ ಗೊಂಬೆಗಳೂ ಆಡಿಸುವವನ ಸಂಕಲ್ಪವೂ

ಜೀವವಿಲ್ಲದ ವಸ್ತುವಿನ ವಿಷಯದಲ್ಲಿ ಮನುಷ್ಯನಿಗೆ ಧರ್ಮಾಧರ್ಮಗಳುಂಟೆ ಎಂಬ ಪ್ರಶ್ನೆಯು ಹೊಸದಲ್ಲ. ಕಲ್ಲನ್ನು ಒಡೆಯುವವನಿಗೂ ಮಣ್ಣನ್ನು ಮೆಟ್ಟುವವನಿಗೂ ಪಾಪವಿಲ್ಲವೆಂದು ಎಲ್ಲರೂ ಒಪ್ಪುವರು. ಆದರೆ ಅದೇ ಕಲ್ಲಿಗೆ, ಅದೇ ಮಣ್ಣಿಗೆ ಮನುಷ್ಯನ ರೂಪವನ್ನು ಕೊಟ್ಟೊಡನೆ ಅದರ ಮುಖಕ್ಕೆ ಉಗುಳಲು ಯಾರಿಗೂ ಮನಸ್ಸು ಬಾರದು. ರೂಪವೊಂದೇ ಹೀಗೆ ಕೈಯನ್ನು ತಡೆಯುವುದಾದರೆ, ರೂಪದೊಡನೆ ನಡೆ, ನುಡಿ, ಮನೆ, ಮಡದಿ, ಮಕ್ಕಳು, ದಿನಚರಿ ಇವೆಲ್ಲವನ್ನೂ ಪಡೆದಿರುವ ಗೊಂಬೆಯ ವಿಷಯದಲ್ಲಿ ಏನು ಹೇಳತಕ್ಕದ್ದು? ಈ ಕಾಲದ ವಿಡಿಯೋ ಆಟಗಳು ಇಂತಹ ಗೊಂಬೆಗಳನ್ನು ಸಾವಿರಗಟ್ಟಲೆ ಸೃಷ್ಟಿಸಿರುವುವು. ಅಷ್ಟೇ ಅಲ್ಲದೆ, ಅವುಗಳ ಸ್ವಭಾವವನ್ನು ತಿದ್ದುವ ಅಧಿಕಾರವನ್ನು ಆಡುವವನ ಕೈಗೇ ಒಪ್ಪಿಸಿರುವುವು. ಆ ಅಧಿಕಾರದ ಧರ್ಮವೇನೆಂಬುದು ವಿಚಾರಾರ್ಹವಾದ ವಿಷಯವು.

ದೃಷ್ಟಾಂತವಿಲ್ಲದೆ ತತ್ತ್ವವು ನಿಲ್ಲಲಾರದಾದುದರಿಂದ ಪ್ರಸಿದ್ಧವಾದ ಒಂದು ಆಟವನ್ನೇ ತೆಗೆದುಕೊಳ್ಳಬಹುದು. ಅಮೆರಿಕದ ಬೆಥೆಸ್ಡ ಗೇಮ್ ಸ್ಟುಡಿಯೋಸ್ ಎಂಬ ಸಂಸ್ಥೆಯು 2011ನೆಯ ಇಸವಿಯ ನವೆಂಬರ್ 11ರಂದು 'ಸ್ಕೈರಿಮ್' ಎಂಬ ಆಟವನ್ನು ಹೊರತಂದಿತು. ಹಿಮ ಕವಿದ ಬೆಟ್ಟಗಳ ಒಂದು ಕಲ್ಪಿತ ದೇಶ, ಅಲ್ಲಿ ಅಂತಃಕಲಹ, ಮೇಲೆ ಆಕಾಶದಿಂದ ಎರಗುವ ಡ್ರ್ಯಾಗನ್‌ಗಳು. ಇಂತಹ ಆಟಗಳಿಗೆ 'ಓಪನ್ ವರ್ಲ್ಡ್' ಎಂದು ಹೆಸರು. ಆಡುವವನು ಕಥೆಯ ದಾರಿಯನ್ನೇ ಹಿಡಿದು ಹೋಗಬೇಕೆಂಬ ನಿರ್ಬಂಧವಿಲ್ಲ. ಯಾವ ಊರಿಗಾದರೂ ಹೋಗಬಹುದು, ಯಾರನ್ನಾದರೂ ಮಾತನಾಡಿಸಬಹುದು. ಆಡುವವನ ವಶದಲ್ಲಿಲ್ಲದೆ ತಮ್ಮ ಪಾಡಿಗೆ ತಾವು ಬದುಕುವ ಈ ಊರವರನ್ನು ಆಟಗಾರರು 'ಎನ್.ಪಿ.ಸಿ.'ಗಳೆಂದು ಕರೆಯುವರು. ರಿವರ್‌ವುಡ್ ಎಂಬ ಹಳ್ಳಿಯಲ್ಲಿ ಆಲ್ವೋರ್ ಎಂಬ ಕಮ್ಮಾರನಿರುವನು. ಅವನಿಗೆ ಸಿಗ್ರಿಡ್ ಎಂಬ ಹೆಂಡತಿ, ಡಾರ್ಥೆ ಎಂಬ ಮಗಳು. ಹಗಲೆಲ್ಲ ಕುಲುಮೆಯ ಮುಂದೆ ನಿಂತು ಕಬ್ಬಿಣ ಬಡಿಯುವನು, ರಾತ್ರಿ ಮನೆಗೆ ಹೋಗಿ ಮಲಗುವನು. ಆಡುವವನು ನೋಡಲಿ, ನೋಡದಿರಲಿ, ಅವನ ದಿನವು ಸಾಗುತ್ತಿರುವುದು.

ಈ ಬದುಕಿನ ಒಳಗುಟ್ಟು ಒಂದು ಪಟ್ಟಿ. ಪ್ರತಿಯೊಂದು ಪಾತ್ರಕ್ಕೂ ಕಂಪ್ಯೂಟರಿನಲ್ಲಿ ಒಂದು ದಾಖಲೆಯಿದ್ದು, ಅದರಲ್ಲಿ ಹೆಸರು, ಮುಖ, ಧ್ವನಿ, ದಿನಚರಿ, ಆಸ್ತಿ, ಬಂಧುತ್ವಗಳ ಸಂಗಡ ಸ್ವಭಾವವೂ ಬರೆಯಲ್ಪಟ್ಟಿರುವುದು. ಧೈರ್ಯಕ್ಕೆ ಐದು ಮೆಟ್ಟಿಲುಗಳು: ಹೇಡಿ, ಎಚ್ಚರಿಕೆಯವನು, ಸಾಮಾನ್ಯನು, ಧೀರನು, ಹುಚ್ಚುಧೈರ್ಯದವನು. ಧರ್ಮಬುದ್ಧಿಗೆ ನಾಲ್ಕು: ಯಾವ ಅಪರಾಧಕ್ಕೂ ಸಿದ್ಧನು, ಶತ್ರುಗಳ ಮೇಲೆ ಮಾತ್ರ ಕೈಯೆತ್ತುವವನು, ಕಳ್ಳತನದವರೆಗೆ ಮಾತ್ರ ಹೋಗುವವನು, ಯಾವ ಅಪರಾಧವನ್ನೂ ಮಾಡದವನು. ಋಷಿಗಳು ಜೀವಮಾನವೆಲ್ಲ ತಪಸ್ಸು ಮಾಡಿ ಏರಿದ ಮೆಟ್ಟಿಲುಗಳನ್ನು ಇಲ್ಲಿ ಬೆರಳ ತುದಿಯಿಂದ ಏರಿಸಬಹುದು, ಇಳಿಸಬಹುದು. ಇನ್ನೊಂದು ಗುರುತೂ ಉಂಟು. ಅದನ್ನು ಹಾಕಿಸಿಕೊಂಡ ಪಾತ್ರವು ಎಷ್ಟು ಪೆಟ್ಟು ತಿಂದರೂ ಸಾಯದು. ಮಂಡಿಯೂರಿ ಕುಳಿತು ಮತ್ತೆ ಎದ್ದು ನಿಲ್ಲುವುದು. ಕಥೆಗೆ ಬೇಕಾದವರಿಗೆಲ್ಲ ಆಟದ ಕರ್ತೃಗಳು ಈ ಚಿರಂಜೀವಿತ್ವವನ್ನು ಅನುಗ್ರಹಿಸಿರುವರು. 2012ರ ಫೆಬ್ರವರಿಯಲ್ಲಿ ಅದೇ ಸಂಸ್ಥೆಯು 'ಕ್ರಿಯೇಷನ್ ಕಿಟ್' ಎಂಬ ಉಪಕರಣವನ್ನು ಜನರಿಗೆ ಕೊಟ್ಟುದರಿಂದ, ಈ ಪಟ್ಟಿಗಳನ್ನು ತಿದ್ದುವ ಸಾಮರ್ಥ್ಯವು ಮನೆಮನೆಯ ಹುಡುಗರಿಗೂ ದೊರೆಯಿತು. ಹೀಗೆ ತಿದ್ದಿದ ಮಾರ್ಪಾಟಿಗೆ 'ಮಾಡ್' ಎಂದು ಹೆಸರು. ಒಬ್ಬನು ತಿದ್ದಿದುದನ್ನು ಲಕ್ಷಾಂತರ ಜನರು ತಮ್ಮ ಆಟಕ್ಕೆ ಸೇರಿಸಿಕೊಳ್ಳುವುದೂ ಉಂಟು.

ಇಲ್ಲಿ ಪೂರ್ವಪಕ್ಷವು ಬಹು ಸುಲಭವಾದುದು. ಆಲ್ವೋರನಿಗೆ ಜೀವವಿಲ್ಲ, ನೋವಿಲ್ಲ, ನಾಳೆಯೆಂಬುದರ ಅರಿವಿಲ್ಲ. ಅವನನ್ನು ಹೇಡಿಯನ್ನಾಗಿ ಮಾಡಿದರೆ ಅವಮಾನಪಡುವವರಾರು? ಕೊಂದರೆ ಸಾಯುವವರಾರು? ಹಿಂಸೆಗೆ ಒಳಗಾಗುವವನು ಇಲ್ಲದೆ ಇರಲಾಗಿ ಹಿಂಸೆಯೆಂಬ ಮಾತಿಗೆ ಅರ್ಥವಿಲ್ಲ. ತನ್ನ ಹಣ ಕೊಟ್ಟು ಕೊಂಡ ಆಟವನ್ನು ತನ್ನ ಕೋಣೆಯಲ್ಲಿ ಕುಳಿತು ಒಬ್ಬನು ಹೇಗೆ ತಿದ್ದಿಕೊಂಡರೂ ಕೇಳುವ ಅಧಿಕಾರವು ಯಾರಿಗಿದೆ? ಈ ವಾದದಲ್ಲಿ ಬಹು ಭಾಗವು ನಿಜವೆಂದು ಮೊದಲೇ ಒಪ್ಪತಕ್ಕದ್ದು. ಗೊಂಬೆಗೆ ಅನ್ಯಾಯವಾಯಿತೆಂದು ಕಣ್ಣೀರು ಸುರಿಸುವುದು ವಿಚಾರವಲ್ಲ, ಭ್ರಾಂತಿ.

ಆದರೆ ಕನ್ನಡ ವಾಚಕರಿಗೆ ಈ ಪೂರ್ವಪಕ್ಷವು ಅಪರಿಚಿತವಾದುದಲ್ಲ. 1209ರಲ್ಲಿ ಜನ್ನನು ಬರೆದ 'ಯಶೋಧರ ಚರಿತೆ'ಯ ಹೃದಯದಲ್ಲಿ ನಿಂತಿರುವುದು ಇದೇ ಪ್ರಶ್ನೆಯೆ. ತಾಯಿಯು ದೇವಿಗೆ ಬಲಿಯನ್ನು ಕೊಡೆಂದು ಒತ್ತಾಯಪಡಿಸಿದಾಗ ಯಶೋಧರನು ಪ್ರಾಣಿವಧೆಗೆ ಒಪ್ಪಲಿಲ್ಲ. ಕಡೆಗೆ ಹಿಟ್ಟಿನ ಕೋಳಿಯನ್ನು ಮಾಡಿಸಿ ಅದನ್ನು ಕಡಿಯಲು ಒಪ್ಪಿದನು. ಒಂದು ತೊಟ್ಟು ರಕ್ತವೂ ಸುರಿಯಲಿಲ್ಲ. ಆದರೂ ತಾಯಿಮಕ್ಕಳಿಬ್ಬರೂ ಜನ್ಮಜನ್ಮಾಂತರಗಳಲ್ಲಿ ಪ್ರಾಣಿಗಳಾಗಿ ಹುಟ್ಟಿ ಕೊಲ್ಲಲ್ಪಟ್ಟರೆಂದು ಕವಿಯು ಹೇಳಿರುವನು. ಕೈ ಕಡಿದುದು ಹಿಟ್ಟನ್ನು. ಮನಸ್ಸು ಕಡಿದುದು ಕೋಳಿಯನ್ನು. ಜೈನ ಶಾಸ್ತ್ರಕಾರರು ದ್ರವ್ಯಹಿಂಸೆ, ಭಾವಹಿಂಸೆಗಳೆಂದು ಎರಡಾಗಿ ವಿಂಗಡಿಸಿರುವುದು ಈ ಸೂಕ್ಷ್ಮವನ್ನು ಹಿಡಿಯುವುದಕ್ಕಾಗಿಯೆ.

ಹಾಗಾದರೆ ಆಟದಲ್ಲಿ ಕತ್ತಿ ಬೀಸುವವರೆಲ್ಲರೂ ಯಶೋಧರನ ಪಾಪಕ್ಕೆ ಭಾಗಿಗಳೆ? ಅಲ್ಲ. ರಂಗದ ಮೇಲೆ ದುಶ್ಶಾಸನನ ವೇಷಧಾರಿಯು ದ್ರೌಪದಿಯ ಸೆರಗಿಗೆ ಕೈ ಹಾಕುವನು. ಅವನನ್ನು ಯಾರೂ ಪಾಪಿಯೆನ್ನರು. ಅಲ್ಲಿ ನಡೆಯುತ್ತಿರುವುದು ಕವಿಯ ಕಥೆ. ವೇಷಧಾರಿಯ ಸ್ವಂತ ಸಂಕಲ್ಪವು ಅಲ್ಲಿ ನಾಟಕವನ್ನು ಚೆನ್ನಾಗಿ ಆಡುವುದೇ ಹೊರತು ಬೇರೆಯಲ್ಲ. ಸ್ಕೈರಿಮ್ ಆಟದಲ್ಲಿ ಕಥೆಯ ಪ್ರಕಾರ ದರೋಡೆಗಾರನನ್ನು ಕೊಲ್ಲುವವನ ಸ್ಥಿತಿಯೂ ಹೆಚ್ಚುಕಡಮೆ ಇದೇ ಆಗಿರುವುದು. ಆದರೆ ಅದೇ ವೇಷಧಾರಿಯು ನಾಟಕದ ಹಸ್ತಪ್ರತಿಯನ್ನು ಮನೆಗೆ ಕೊಂಡೊಯ್ದು, ದ್ರೌಪದಿಯು ಸಭೆಯಲ್ಲಿ ಪ್ರಶ್ನೆಯನ್ನೇ ಕೇಳದಂತೆ ಅವಳ ಮಾತುಗಳನ್ನೆಲ್ಲ ಅಳಿಸಿ, ಮರುದಿನ ಆಡಿದನೆಂದು ಭಾವಿಸೋಣ. ಆಗ ಆ ಕಾರ್ಯವು ದುಶ್ಶಾಸನನದಾಗಿ ಉಳಿಯದು, ವೇಷಧಾರಿಯದೇ ಆಗುವುದು. ಕಥೆಯೊಳಗೆ ಆಡುವುದಕ್ಕೂ ಕಥೆಯ ಹೊರಗೆ ನಿಂತು ಪಾತ್ರವನ್ನು ತಿದ್ದುವುದಕ್ಕೂ ಇರುವ ಭೇದವು ಇದು. ತಿದ್ದುವವನಿಗೆ 'ಕವಿಯು ಹೇಳಿದನು, ಮಾಡಿದೆನು' ಎಂಬ ಆಶ್ರಯವಿಲ್ಲ. ಅಲ್ಲಿ ಕಾಣುವುದು ಅವನ ಸಂಕಲ್ಪವೊಂದೇ.

ಆದುದರಿಂದ ಪರೀಕ್ಷಿಸತಕ್ಕದ್ದು ಗೊಂಬೆಯ ನೋವನ್ನಲ್ಲ, ತಿದ್ದುವವನ ಸಂಕಲ್ಪವನ್ನು. ಸಂಕಲ್ಪಗಳಾದರೋ ಅನೇಕ ವಿಧವಾಗಿರುವುವು. ಕೆಲವು ಕೇವಲ ವಿನೋದಕ್ಕೆ ಸೇರಿದುವು. ವೈಟ್‌ರನ್ ಪಟ್ಟಣದಲ್ಲಿ ನಜೀಮ್ ಎಂಬ ಜಂಬಗಾರನಿರುವನು. ಪಟ್ಟಣದ ಮೇಲ್ಭಾಗಕ್ಕೆ ತಾನು ಹೋಗಿ ಬರುವೆನೆಂಬ ಹೆಮ್ಮೆಯಿಂದ ಎದುರಾದವರನ್ನೆಲ್ಲ ಹಂಗಿಸುವುದೇ ಅವನ ವ್ಯವಸಾಯ. ಅವನಿಗೆ ತಕ್ಕ ಶಾಸ್ತಿ ಮಾಡಲೆಂದು ಆಟಗಾರರು ನಾನಾ ಮಾರ್ಪಾಟುಗಳನ್ನು ಹೊಸೆದಿರುವರು. ಇದು ಪ್ರಹಸನದ ವಿದೂಷಕನಿಗೆ ಬೀಳುವ ಏಟು. ಇದರಲ್ಲಿ ಧರ್ಮಶಾಸ್ತ್ರವನ್ನು ತೆರೆಯುವುದು ಅರಸಿಕತೆಯಾದೀತು. ಆದರೆ ಎಲ್ಲವೂ ಇಷ್ಟು ಹಗುರವಾದುವಲ್ಲ. ಈ ಆಟದಲ್ಲಿ ಮಕ್ಕಳ ಮೇಲೆ ಆಯುಧವು ನಾಟದಂತೆ ಕರ್ತೃಗಳು ಏರ್ಪಡಿಸಿದ್ದರು. ಕೆಲವರು ಆ ತಡೆಯನ್ನೂ ಕಿತ್ತುಹಾಕಿದರು. ಲೋಕದ ನಿಜಸ್ಥಿತಿಯು ತೋರಬೇಕೆಂದು ಹಾಗೆ ಮಾಡಿದವರೂ ಇರಬಹುದು. ಬೇರೆ ಉದ್ದೇಶದವರೂ ಇರಬಹುದು. ಕಾರ್ಯವು ಒಂದೇ ಆದರೂ ಸಂಕಲ್ಪವು ಒಂದೇ ಅಲ್ಲವಾದುದರಿಂದ, ಹೊರಗಿನವರು ತೀರ್ಪು ಹೇಳುವುದು ಕಷ್ಟ. ತಿದ್ದಿದವನಿಗೆ ಮಾತ್ರ ಅದು ಕಷ್ಟವಲ್ಲ.

ವಿಷಯವನ್ನು ಹೆಚ್ಚು ಸ್ಪಷ್ಟವಾಗಿ ತೋರಿಸುವ ಎರಡು ನಿದರ್ಶನಗಳುಂಟು. ಮೊದಲನೆಯದು ಸೆರಾನ ಎಂಬವಳದು. 2012ರಲ್ಲಿ ಈ ಆಟಕ್ಕೆ ಸೇರಿಸಲ್ಪಟ್ಟ 'ಡಾನ್‌ಗಾರ್ಡ್' ಎಂಬ ಭಾಗದಲ್ಲಿ ಇವಳು ಆಡುವವನ ಸಂಗಾತಿಯಾಗಿ ಬರುವಳು. ತಂದೆತಾಯಿಗಳ ವೈರದಲ್ಲಿ ನಲುಗಿದವಳು. ಮನುಷ್ಯಲೋಕದಿಂದ ಬಹುಕಾಲ ಮರೆಯಾಗಿದ್ದವಳು. ಆಟದಲ್ಲಿ ಅನೇಕ ಪಾತ್ರಗಳನ್ನು ವಿವಾಹವಾಗಬಹುದು. ಸೆರಾನಳನ್ನು ಮಾತ್ರ ಆಗದು. ಕೇಳಿದರೆ ಅವಳು ಒಲ್ಲೆನೆನ್ನುವಳು. ಅವಳನ್ನು ಮೆಚ್ಚಿದ ಆಟಗಾರರಲ್ಲಿ ಕೆಲವರಿಗೆ ಈ ಒಲ್ಲೆಯು ಸಹಿಸಲಾಗಲಿಲ್ಲ. ಉಪಕರಣವು ಕೈಯಲ್ಲಿತ್ತು, ಒಲ್ಲೆಯನ್ನು ಅಳಿಸಿ ಒಪ್ಪಿಗೆಯನ್ನು ಬರೆದರು. ಅವಳ ಮನಸ್ಸನ್ನು ಒಲಿಸಿಕೊಂಡವರು ಇವರಲ್ಲ. ಮನಸ್ಸು ಇದ್ದ ಸ್ಥಳವನ್ನೇ ತುಂಬಿಬಿಟ್ಟವರು. ಮುಂದೆ ಬಂದ ಮತ್ತೆ ಕೆಲವರು ಬೇರೆ ದಾರಿಯನ್ನು ಹಿಡಿದರು. ಅವಳಿಗೆ ಹೊಸ ಹೊಸ ಮಾತುಗಳನ್ನು ಒದಗಿಸಿ, ತನ್ನ ಕಷ್ಟವನ್ನು ಹೇಳಿಕೊಳ್ಳುವಂತೆಯೂ, ಜೊತೆಗಾರನ ನಡತೆಯನ್ನು ಕುರಿತು ಅಭಿಪ್ರಾಯ ಕೊಡುವಂತೆಯೂ ವಿಸ್ತರಿಸಿದರು. ಇಬ್ಬರೂ ತಿದ್ದಿದುದು ಒಂದೇ ಗೊಂಬೆಯನ್ನು. ಆದರೆ ಒಬ್ಬರು ಅವಳ ಬಾಯನ್ನು ಮುಚ್ಚಿದರು, ಮತ್ತೊಬ್ಬರು ತೆರೆದರು.

ಎರಡನೆಯ ನಿದರ್ಶನವು ಊರವರದು. ಮೂಲದ ಆಟದಲ್ಲಿ ಡ್ರ್ಯಾಗನ್ ಎರಗಿದಾಗ ಓಡಿಹೋಗಬೇಕಾದ ಬಡವರು ಸಣ್ಣ ಚೂರಿಗಳನ್ನು ಹಿಡಿದು ಅದರ ಮೇಲೆ ಬೀಳುವರು, ಬೆಂದು ಸಾಯುವರು. ಅವರ ಧೈರ್ಯದ ಅಂಕವು ಹಾಗೆ ಬರೆದುಹೋಗಿತ್ತು, ಅಷ್ಟೆ. ಇದನ್ನು ಕಂಡು ಮರುಗಿದ ಒಬ್ಬನು 'ರನ್ ಫಾರ್ ಯುವರ್ ಲೈವ್ಸ್', ಅಂದರೆ 'ಜೀವ ಉಳಿಸಿಕೊಂಡು ಓಡಿ' ಎಂಬ ಹೆಸರಿನ ಮಾರ್ಪಾಟನ್ನು ರಚಿಸಿದನು. ಅದನ್ನು ಸೇರಿಸಿಕೊಂಡರೆ, ಡ್ರ್ಯಾಗನ್ ಬಂದೊಡನೆ ಊರವರು ಮನೆಗಳಿಗೆ ಓಡಿ ಒಳಗೆ ಸೇರಿಕೊಳ್ಳುವರು. ಇದರಿಂದ ಆಡುವವನಿಗೆ ಯಾವ ವಿಶೇಷ ಶಕ್ತಿಯೂ ದೊರೆಯದು. ದೊರೆಯುವುದು ಇಷ್ಟೇ: ಯುದ್ಧವು ಮುಗಿದ ಮೇಲೆ ಕಮ್ಮಾರನು ಕುಲುಮೆಗೆ ಮರಳಿ ಬರುವನು. ಇಲ್ಲದ ಮನುಷ್ಯನು ವ್ಯರ್ಥವಾಗಿ ಸಾಯಬಾರದೆಂದು ಇರುವ ಮನುಷ್ಯನೊಬ್ಬನು ನಿದ್ದೆಗೆಟ್ಟು ದುಡಿದನು. ಹಿಟ್ಟಿನ ಕೋಳಿಯನ್ನು ಕಡಿದವನಿಗೆ ಪಾಪವು ನಿಜವಾದರೆ, ಹಿಟ್ಟಿನ ಕೋಳಿಗೆ ನೆರಳು ಮಾಡಿದವನಿಗೆ ಪುಣ್ಯವೂ ನಿಜವೆಂದೇ ಹೇಳಬೇಕಾಗುವುದು.

ಇಲ್ಲಿ ವಿದ್ವಾಂಸರೊಬ್ಬರು ಆಕ್ಷೇಪಿಸಬಹುದು: ಕವಿಗಳೂ ಪರರ ಪಾತ್ರಗಳನ್ನು ತಿದ್ದಲಿಲ್ಲವೆ? ಮಹಾಭಾರತದ ಶಕುಂತಲೆಯು ತನ್ನ ಮಗನಿಗೆ ಯೌವರಾಜ್ಯವಾಗಬೇಕೆಂದು ಕರಾರು ಮಾಡಿಕೊಂಡ ಮೇಲೆಯೇ ದುಷ್ಯಂತನಿಗೆ ಕೈ ಹಿಡಿಯುವಳು. ಕಾಳಿದಾಸನು ಆ ಕರಾರನ್ನು ಬಿಟ್ಟನು. ದೂರ್ವಾಸರ ಶಾಪವನ್ನು ತಂದು ಅರಸನ ಮರೆವಿಗೆ ಕಾರಣವನ್ನು ಕಲ್ಪಿಸಿದನು. ಹಾಗಾದರೆ ಕಾಳಿದಾಸನೂ ತಪ್ಪಿತಸ್ಥನೆ? ಈ ಆಕ್ಷೇಪದಿಂದ ಒಂದು ವಿಷಯವು ಸಿದ್ಧವಾಗುವುದು. ಮೂಲಕರ್ತೃವು ಬರೆದುದು ಅಲಂಘನೀಯವಲ್ಲ. ತಿದ್ದುವುದೇ ದೋಷವಾಗಿದ್ದರೆ ಸಾಹಿತ್ಯವೇ ಬೆಳೆಯುತ್ತಿರಲಿಲ್ಲ. ಆದರೆ ತಿದ್ದಿದ ಮೇಲೆ ಪಾತ್ರದ ಅಂತರಂಗವು ಹೆಚ್ಚಾಯಿತೆ, ಕುಗ್ಗಿತೆ ಎಂಬ ಪ್ರಶ್ನೆಯು ಕಾಳಿದಾಸನಿಗೂ ತಪ್ಪಿದ್ದಲ್ಲ. ಕರಾರು ಮಾಡುವ ದಿಟ್ಟತನವನ್ನು ಶಕುಂತಲೆಯು ಅವನ ಕೈಯಲ್ಲಿ ಕಳೆದುಕೊಂಡಳೆಂದು ಒಪ್ಪಬೇಕು. ಆಶ್ರಮದ ಬಳ್ಳಿಯನ್ನೂ ಜಿಂಕೆಯ ಮರಿಯನ್ನೂ ಬಿಟ್ಟು ಹೊರಡಲಾರದೆ ನಿಲ್ಲುವ ಹೃದಯವನ್ನು ಪಡೆದಳೆಂದೂ ಒಪ್ಪಬೇಕು. ಕವಿಯು ಒಂದನ್ನು ತೆಗೆದು ಮತ್ತೊಂದನ್ನು ಕೊಟ್ಟನು. ಏನನ್ನೂ ಕೊಡದೆ, ತನ್ನ ಇಚ್ಛೆಗೆ ಅಡ್ಡವಾದುದನ್ನು ಮಾತ್ರ ತೆಗೆದುಹಾಕುವವನಿಗೆ ಕಾಳಿದಾಸನ ಸಾಕ್ಷ್ಯವು ನೆರವಾಗಲಾರದು.

ಇದಕ್ಕಿಂತಲೂ ಬಲವಾದ ಆಕ್ಷೇಪವು ಮತ್ತೊಂದುಂಟು. ಗೊಂಬೆಗೆ ಒಲ್ಲೆನೆನ್ನುವ ಶಕ್ತಿಯನ್ನು ಕೊಟ್ಟರೂ ಆ ಒಲ್ಲೆಯು ಕೊಟ್ಟವನದೇ ತಾನೆ? ತಾನೇ ಬರೆದ ನಿರಾಕರಣೆಯನ್ನು ತಾನೇ ಕೇಳಿ ತಲೆಬಾಗುವುದು ಕನ್ನಡಿಗೆ ನಮಸ್ಕಾರ ಮಾಡಿದಂತಲ್ಲವೆ? ಹೌದು, ಗೊಂಬೆಯ ಒಲ್ಲೆಯು ಸ್ತ್ರೀಪುರುಷರ ಒಲ್ಲೆಯಾಗದು. ಆದರೆ ಹುಡುಗಿಯೊಬ್ಬಳು ಮರದ ಗೊಂಬೆಗೆ ಜ್ವರ ಬಂದಿದೆಯೆಂದು ರಾತ್ರಿಯೆಲ್ಲ ಎಚ್ಚರವಾಗಿ ಕುಳಿತಾಗ, ಮರಕ್ಕೆ ಜ್ವರವಿಲ್ಲವೆಂದು ತಿಳಿಯದಷ್ಟು ಅವಳು ಮೂಢಳಲ್ಲ. ಇತರರಿಗೆ ತನ್ನ ಮನಸ್ಸಿನಲ್ಲಿ ಸ್ಥಳ ಬಿಡುವುದನ್ನು ಅವಳು ಅಭ್ಯಾಸ ಮಾಡುತ್ತಿರುವಳು. ತನ್ನ ಇಚ್ಛೆಗೆ ವಿರುದ್ಧವಾಗಿ ನಿಲ್ಲಬಲ್ಲ ಮತ್ತೊಂದು ಇಚ್ಛೆಯನ್ನು ಕಲ್ಪಿಸಿ, ಅದಕ್ಕೆ ದಾರಿ ಬಿಟ್ಟು ನಿಲ್ಲುವುದೂ ಅಂತಹುದೇ ಒಂದು ಅಭ್ಯಾಸ. ಅದರಂತೆಯೇ, ಎದುರು ನಿಂತ ಪ್ರತಿಯೊಂದು ಇಚ್ಛೆಯನ್ನೂ ಅಳಿಸಿ ಮುಂದುವರಿಯುವುದೂ ಒಂದು ಅಭ್ಯಾಸವೆ. ಆಟದಲ್ಲಿ ಕ್ರೂರನಾದವನು ನಾಳೆ ಬೀದಿಯಲ್ಲಿಯೂ ಕ್ರೂರನಾಗುವನೆಂದು ಇಲ್ಲಿ ಹೇಳುತ್ತಿಲ್ಲ. ಆ ಭವಿಷ್ಯವಾಣಿಯು ಈ ವಿಚಾರಕ್ಕೆ ಬೇಕಾಗಿಯೂ ಇಲ್ಲ. ನಾಳೆ ಏನಾದರೂ ಆಗಲಿ, ಇಂದು ಅವನು ಸಂಕಲ್ಪಿಸಿದುದು ಇಂದೇ ಅವನ ಮನಸ್ಸಿನ ಒಂದು ಭಾಗವಾಗಿರುವುದು.

ಇಲ್ಲಿಯವರೆಗೆ ಗೊಂಬೆಯು ಕೇವಲ ಗೊಂಬೆಯೆಂದೇ ಭಾವಿಸಿ ವಿಚಾರವು ನಡೆಯಿತು. ಅದೂ ಪೂರ್ತಿ ನಿಜವಲ್ಲ. ಯಶೋಧರನ ಕಥೆಯಲ್ಲಿ ಎಲ್ಲರ ಎದೆಯನ್ನೂ ನಡುಗಿಸುವ ಒಂದು ಕ್ಷಣವುಂಟು: ಕತ್ತಿಯ ಪೆಟ್ಟು ಬಿದ್ದೊಡನೆ ಹಿಟ್ಟಿನ ಕೋಳಿಯು ಕೂಗಿತು. ಸ್ಕೈರಿಮ್ ಆಟದ ಗೊಂಬೆಗಳೂ ಕೂಗುವುವು, ನಗುವುವು, ಮಾತನಾಡುವುವು. ಆ ಧ್ವನಿಗಳು ಯಂತ್ರದಲ್ಲಿ ಹುಟ್ಟಿದುವಲ್ಲ. 70ಕ್ಕೂ ಹೆಚ್ಚು ನಟನಟಿಯರು ಸುಮಾರು 60,000 ಸಾಲುಗಳನ್ನು ನುಡಿದು ಆ ಆಟಕ್ಕೆ ಕೊಟ್ಟಿರುವರು. ಸೆರಾನಳಿಗೆ ಜೀವವಿಲ್ಲ; ಅವಳ ಕೊರಳಿನಲ್ಲಿ ನುಡಿದವಳಿಗೆ ಜೀವವುಂಟು. ಮುಂಚೆ, ಪಾತ್ರಕ್ಕೆ ಹೊಸ ಮಾತು ಬೇಕಾದರೆ ತಿದ್ದುವವನು ಹಳೆಯ ಸಾಲುಗಳನ್ನು ಕತ್ತರಿಸಿ ಜೋಡಿಸಬೇಕಾಗಿತ್ತು, ಇಲ್ಲವೆ ಬೇರೊಬ್ಬರಿಂದ ನುಡಿಸಬೇಕಾಗಿತ್ತು. ಈಚೆಗೆ ಬಂದ ಕೃತಕ ಬುದ್ಧಿಯ ಉಪಕರಣಗಳು ಆಟದಲ್ಲಿರುವ ಧ್ವನಿಯನ್ನು ಕಲಿತು, ಆ ನಟಿಯು ಎಂದೂ ಆಡದಿದ್ದ ಮಾತನ್ನು ಅವಳ ಕಂಠದಲ್ಲಿಯೇ ಆಡಿಸಬಲ್ಲುವು. 2023ರಲ್ಲಿ, ಇಂತಹ ಅನುಕೃತ ಧ್ವನಿಗಳಿಂದ ಅಶ್ಲೀಲವಾದ ಮಾರ್ಪಾಟುಗಳು ರಚಿತವಾಗಿರುವುದನ್ನು ತಿಳಿದು ಧ್ವನಿನಟರು ಬಹಿರಂಗವಾಗಿ ಆಕ್ಷೇಪಿಸಿದರು. ಮಾರ್ಪಾಟುಗಳ ದೊಡ್ಡ ಭಂಡಾರವಾದ ನೆಕ್ಸಸ್ ಮಾಡ್ಸ್ ಸಂಸ್ಥೆಯು, ಕೃತಕ ಬುದ್ಧಿಯಿಂದ ಮಾಡಿದುವುಗಳನ್ನು ಒಟ್ಟಾರೆ ನಿಷೇಧಿಸದೆ, ಬಾಧಿತರಾದವರು ದೂರಿದರೆ ತೆಗೆದುಹಾಕುವ ನಿಯಮವನ್ನು ಅನುಸರಿಸಿತು. ದೂರುವುದಕ್ಕೆ ಮೊದಲು ತಿಳಿಯಬೇಕು. ತಿಳಿಯುವ ಹೊತ್ತಿಗೆ ಅದೆಷ್ಟು ಮನೆಗಳಲ್ಲಿ ಆ ಕಂಠವು ನುಡಿದಾಗಿರುವುದೋ ಬಲ್ಲವರಾರು?

ಇಲ್ಲಿ ಪೂರ್ವಪಕ್ಷವು ನಿಲ್ಲಲಾರದು. 'ಹಿಂಸೆಗೆ ಒಳಗಾಗುವವರು ಯಾರೂ ಇಲ್ಲ' ಎಂಬುದೇ ಅದರ ಆಧಾರವಾಗಿತ್ತು. ಗೊಂಬೆಯ ಹಿಂದೆ ಹೆಸರುಳ್ಳ, ಮಾನವುಳ್ಳ, ಮನೆಮಂದಿಯುಳ್ಳ ವ್ಯಕ್ತಿಯು ಇರುವಳು. ಅವಳ ಒಪ್ಪಿಗೆಯನ್ನು ಯಾರೂ ಕೇಳಿರಲಿಲ್ಲ. ಮೇಲಾಗಿ, ಈ ಎರಡು ಅಪಚಾರಗಳ ಬೇರು ಒಂದೇ ಎಂಬುದನ್ನು ಗಮನಿಸತಕ್ಕದ್ದು. ಪಾತ್ರದ ಒಲ್ಲೆಯನ್ನು ಅಳಿಸುವುದಕ್ಕೆ ಅಭ್ಯಸ್ತವಾದ ಕೈಯು ನಟಿಯ ಒಪ್ಪಿಗೆಯನ್ನು ಕೇಳಬೇಕೆಂಬುದನ್ನು ಮರೆತರೆ ಆಶ್ಚರ್ಯವೇನು? ಊರವರನ್ನು ಬದುಕಿಸಲು ದುಡಿದ ಮನಸ್ಸಿಗೆ ಆ ಪ್ರಶ್ನೆಯು ತಾನಾಗಿಯೇ ಹೊಳೆಯುವುದು ಹೆಚ್ಚು ಸಂಭವನೀಯವಲ್ಲವೆ?

ಆದಕಾರಣ ಸಿದ್ಧಾಂತವು ಇಷ್ಟು: ತಿದ್ದುವುದು ತಪ್ಪಲ್ಲ, ಗೊಂಬೆಗೆ ಹಕ್ಕುಗಳಿಲ್ಲ, ಆದರೆ ತಿದ್ದುವವನು ತಾನು ತಿದ್ದಿದುದರಿಂದ ಎದುರಿನ ಪಾತ್ರಕ್ಕೆ ಮಾತು ಹೆಚ್ಚಿತೆ ಕಡಮೆಯಾಯಿತೆ ಎಂದು ತನ್ನನ್ನು ತಾನೇ ಕೇಳಿಕೊಳ್ಳತಕ್ಕದ್ದು, ಗೊಂಬೆಯಲ್ಲಿ ಜೀವಂತರ ಮುಖವೋ ಧ್ವನಿಯೋ ಸೇರಿದ್ದಲ್ಲಿ ಅವರನ್ನೂ ಕೇಳತಕ್ಕದ್ದು. ವಿದ್ಯಾವಂತರ ಮನೆಗಳಲ್ಲಿ ಮಕ್ಕಳು ಇಂತಹ ಆಟಗಳ ಮುಂದೆ ಗಂಟೆಗಟ್ಟಲೆ ಕುಳಿತಿರುವುದನ್ನು ಕಂಡು ಹಿರಿಯರು ಗದರಿಸುವುದುಂಟು. ಕಾಲಹರಣವಾಯಿತೆಂಬುದೇ ಅವರ ಕೊರಗು. ಗದರಿಸುವುದಕ್ಕೆ ಬದಲಾಗಿ ಮಗ್ಗುಲಲ್ಲಿ ಕುಳಿತು, 'ಈ ಊರಿನಲ್ಲಿ ಏನನ್ನು ಬದಲಾಯಿಸಿರುವೆ? ಏಕೆ?' ಎಂದು ಕೇಳುವುದು ಹೆಚ್ಚು ಫಲಕಾರಿ. ಆ ಉತ್ತರದಲ್ಲಿ ಮಗುವಿನ ಮನಸ್ಸು ಕಾಣುವಷ್ಟು ಅದರ ಅಂಕಪಟ್ಟಿಯಲ್ಲಿ ಕಾಣದು.

ಈ ಪ್ರಶ್ನೆಯನ್ನು ಇಂದೇ ಅಭ್ಯಾಸ ಮಾಡುವುದಕ್ಕೆ ಇನ್ನೂ ಒಂದು ಕಾರಣವುಂಟು. 2023ರಿಂದೀಚೆಗೆ ಇದೇ ಸ್ಕೈರಿಮ್ ಆಟದ ಪಾತ್ರಗಳನ್ನು ಭಾಷಾಯಂತ್ರಗಳಿಗೆ ಜೋಡಿಸುವ ಮಾರ್ಪಾಟುಗಳು ಬಂದಿರುವುವು. ಅವುಗಳನ್ನು ಹಾಕಿಕೊಂಡವನು ಕಮ್ಮಾರನನ್ನು ಯಾವ ಪ್ರಶ್ನೆಯನ್ನಾದರೂ ಕೇಳಬಹುದು. ಯಾರೂ ಬರೆದಿಡದ ಉತ್ತರವನ್ನು ಕಮ್ಮಾರನು ಕೊಡುವನು, ಹಿಂದಿನ ಸಂಭಾಷಣೆಯನ್ನೂ ನೆನಪಿಡುವನು. ಇವನಲ್ಲಿಯೂ ಜೀವವಿಲ್ಲವೆಂದೇ ವಿಚಾರವಂತರು ಹೇಳುವರು. ಆದರೆ ಹಿಟ್ಟು ಎಲ್ಲಿ ಮುಗಿಯಿತು, ಕೋಳಿ ಎಲ್ಲಿ ಆರಂಭವಾಯಿತು ಎಂದು ಗೆರೆ ಎಳೆದು ತೋರಿಸುವ ಕೆಲಸವು ವರ್ಷದಿಂದ ವರ್ಷಕ್ಕೆ ಕಷ್ಟವಾಗುತ್ತಿರುವುದು. ಗೆರೆಯು ಸ್ಪಷ್ಟವಾಗಿರುವಾಗಲೇ ಕತ್ತಿಯನ್ನು ಕೆಳಗಿಡಲು ಕಲಿತವನಿಗೆ, ಅದು ಮಸುಕಾದ ದಿನ ಹೊಸದಾಗಿ ಏನನ್ನೂ ಕಲಿಯಬೇಕಾಗಿ ಬಾರದು.